ಅವ್ವನ ಲೊಕೇಶನ್

ನಮ್ಮ ಶಾಲೆಯ ಸ್ಟಾಫ್ ರೂಮಿನಲ್ಲಿ ನನಗೊಂದು ಅಡ್ಡಹೆಸರಿದೆ: ಲೊಕೇಶನ್ ಟೀಚರ್. ಯಾರ ಫೋನು ಕೈಗೆ ಸಿಕ್ಕರೂ ಸೆಟ್ಟಿಂಗ್ಸ್ ತೆರೆದು, ಯಾವ ಯಾವ ಆ್ಯಪ್ ಅವರ ಬೆನ್ನು ಹತ್ತಿದೆ ಎಂದು ನೋಡಿ, ಒಂದೊಂದನ್ನೇ ಬಂದ್ ಮಾಡುವುದು ನನಗಂಟಿದ ಚಟ. ಟಾರ್ಚ್ ಹಚ್ಚುವ ಆ್ಯಪ್ ಕೂಡ ನೀವೆಲ್ಲಿದ್ದೀರಿ ಎಂದು ಕೇಳುತ್ತದೆ. ಕತ್ತಲಲ್ಲಿದ್ದೇನೆ ಮಾರಾಯಾ, ಅಷ್ಟು ಗೊತ್ತಾದರೆ ಸಾಲದೇ ನಿನಗೆ? 'ಯಾವಾಗಲೂ ಅನುಮತಿಸಿ', 'ಬಳಸುವಾಗ ಮಾತ್ರ', 'ಅನುಮತಿಸಬೇಡಿ' ಎಂದು ಮೂರು ಸಾಲು ಬಂದರೆ ನನ್ನ ಬೆರಳು ತಾನಾಗಿ ಮೂರನೆಯದಕ್ಕೆ ಹೋಗುತ್ತದೆ. ಜೊತೆಯ ಟೀಚರುಗಳು ನಗುತ್ತಾರೆ. 'ನಮ್ಮನ್ನ ನೋಡಿ ಯಾರೇನ್ ಮಾಡ್ತಾರ್ರಿ? ಮನಿ ಬಿಟ್ರ ಸಾಲಿ, ಸಾಲಿ ಬಿಟ್ರ ಮನಿ' ಎನ್ನುತ್ತಾರೆ. ನಾನು ವಾದಕ್ಕಿಳಿಯುವುದಿಲ್ಲ. ಬಂದ್ ಮಾಡಿ ಫೋನು ವಾಪಸು ಕೊಡುತ್ತೇನೆ.

ಈ ಸಿಟ್ಟು ನನಗೆ ಸ್ಮಾರ್ಟ್‌ಫೋನಿನಿಂದ ಬಂದದ್ದಲ್ಲ. ಅದಕ್ಕೂ ಮುಂಚಿನದು. ಬಳ್ಳಾರಿಯಲ್ಲಿ ಗಣಿ ಧೂಳೆದ್ದ ಕಾಲದ್ದು.

ನಮ್ಮದು ಕುರುಗೋಡು. ಹತ್ತಿ ಹಿಂಜಿ ಗಾದಿ ಹೊಲಿಯುವ ಮನೆತನ. ಹೆಸರಿಗೆ ಮುಸಲ್ಮಾನರಾದರೂ ಮನೆಯ ಮಾತು ಕನ್ನಡವೇ. ಉರ್ದು ನಮಗೆ ನಮಾಜಿನ ಆಚೀಚೆ ನಾಲ್ಕು ಮಾತಷ್ಟೇ. ಅಪ್ಪ ಹತ್ತಿ ಹಿಂಜುವ ಬಿಲ್ಲು ಹೆಗಲಿಗೇರಿಸಿ ಹೊರಟರೆ ಸಂಜೆಯ ತನಕ ಯಾವ ಓಣಿಯಲ್ಲಿ, ಯಾವ ಊರಲ್ಲಿ ಇರುತ್ತಾನೋ ನಮಗೆ ತಿಳಿಯುತ್ತಿರಲಿಲ್ಲ. ತಿಳಿದುಕೊಳ್ಳಲೂಬಾರದಿತ್ತು. ಹೊರಟವರನ್ನು 'ಎಲ್ಲಿಗೆ' ಎಂದು ಕೇಳಿದರೆ ಹೋದ ಕೆಲಸ ಕೆಡುತ್ತದೆ ಎಂದು ಅವ್ವ ಗಟ್ಟಿಯಾಗಿ ನಂಬಿದ್ದಳು. ಕೇಳಲೇಬೇಕಾದರೆ 'ದೂರೇನು?' ಎನ್ನಬೇಕು. 'ಇಲ್ಲ, ಇಲ್ಲೇ' ಎಂದು ಅವರು ಹೇಳಬೇಕು. ಅಪ್ಪ ಸಿರುಗುಪ್ಪದ ಆಚೆ ಹೊಳೆ ದಾಟಿ ಹೋಗುವಾಗಲೂ 'ಇಲ್ಲೇ' ಎಂದೇ ಹೋಗುತ್ತಿದ್ದ. ಚಿಕ್ಕವಳಿದ್ದಾಗ ನಾನೊಮ್ಮೆ ಬಾಯಿ ತಪ್ಪಿ 'ಎಲ್ಲಿಗಪ್ಪ?' ಅಂದದ್ದಕ್ಕೆ ಅವ್ವ ತಲೆಗೆ ಮೊಟಕಿ, ಅಪ್ಪನನ್ನು ಒಳಗೆ ಕರೆದು, ನೀರು ಕುಡಿಸಿ, ಮತ್ತೆ ಹೊಸದಾಗಿ ಹೊರಡಿಸಿದ್ದಳು.

ಗಣಿಯ ದುಡ್ಡು ಊರೂರಿಗೆ ಹರಿದಾಗ ಮೊದಲು ಹೋದದ್ದು ನಮ್ಮ ಗಾದಿ. ಹೊಸದಾಗಿ ಮಾಳಿಗೆ ಕಟ್ಟಿಸಿದವರು ಬಳ್ಳಾರಿಗೆ ಹೋಗಿ ಫೋಮಿನ ಹಾಸಿಗೆ ತಂದರು. ಅಪ್ಪನ ಬಿಲ್ಲು ಜಂತಿಗೆ ತೂಗುಬಿತ್ತು. ನನ್ನ ಅಣ್ಣನಿಗೆ ಆ ಬಿಲ್ಲಿನ ಮೇಲೆ ಮೊದಲಿಂದಲೂ ಮನಸ್ಸಿರಲಿಲ್ಲ. ಡ್ರೈವಿಂಗ್ ಕಲಿತು, ಬಳ್ಳಾರಿಯ ಒಬ್ಬ ಸಾಹುಕಾರನ ಹತ್ತಿರ ಅದಿರು ಲಾರಿ ಹತ್ತಿದ. ಆ ಸಾಹುಕಾರ ಮೊದಲು ಏನು ಮಾಡುತ್ತಿದ್ದನೋ ಯಾರಿಗೂ ನೆನಪಿರಲಿಲ್ಲ. ಆಗ ಮಾತ್ರ ಕಂಟೋನ್ಮೆಂಟಿನಲ್ಲಿ ಬ್ರಿಟಿಷರ ಕಾಲದ ಬಂಗಲೆ ಹಿಡಿದು ಆಫೀಸು ಮಾಡಿದ್ದ.

ಆ ಸಾಹುಕಾರನೇ ಅಣ್ಣನಿಗೆ ಮೊಬೈಲು ಕೊಡಿಸಿದ್ದು. ನಮ್ಮ ಮನೆಗೆ ಬಂದ ಮೊದಲ ಮೊಬೈಲು ಅದು. ಅವ್ವ ಅದನ್ನು ಸೆರಗಿನಿಂದ ಒರೆಸಿ, ಒಳ್ಳೆಯ ಸಾಹುಕಾರ ಸಿಕ್ಕ ಎಂದು ಹರಸಿದಳು. ಕೊಟ್ಟದ್ದು ಯಾಕೆಂದು ಅಣ್ಣನಿಗೆ ವಾರದೊಳಗೆ ತಿಳಿಯಿತು. ಗುಂಡಿ ಒತ್ತುವ ಆ ಫೋನುಗಳಲ್ಲಿ ಹತ್ತಿರದ ಟವರು ಯಾವ ಊರಿನದೋ ಆ ಊರಿನ ಹೆಸರು ಪರದೆಯ ಮೇಲೆ ತಾನಾಗಿ ಮೂಡುತ್ತಿತ್ತು. ಕಂಟೋನ್ಮೆಂಟಿನ ಆಫೀಸಿನಿಂದ ಸೂಪರ್‌ವೈಸರ್ ಹೊತ್ತುಗೊತ್ತಿಲ್ಲದೆ ಫೋನು ಮಾಡಿ, ಆ ಹೆಸರನ್ನು ಓದಿ ಹೇಳು ಎನ್ನುತ್ತಿದ್ದ. ಫೋನು ಸುಳ್ಳು ಹೇಳುವುದಿಲ್ಲ ಎಂದು ಅವರ ನಂಬಿಕೆ. ಓದುವ ಬಾಯಿ ಡ್ರೈವರನದು ಎಂಬುದು ಆ ಬುದ್ಧಿವಂತರಿಗೆ ಹೊಳೆಯಲೇ ಇಲ್ಲ.

ಆಗ ನಾನು ಮದುವೆಯಾಗಿ ಸಿರುಗುಪ್ಪಕ್ಕೆ ಬಂದಿದ್ದೆ. ನನ್ನ ಗಂಡ ಅಕ್ಕಿ ಗಿರಣಿಯಲ್ಲಿ ಗುಮಾಸ್ತ. ನಾನು ಊರ ಶಾಲೆಯಲ್ಲಿ ಟೀಚರು. ಸುತ್ತ ಕಾಲುವೆ ನೀರಿನ ಭತ್ತದ ಗದ್ದೆ. ಅದಿರು ಸಾಗುವ ದಾರಿಗೂ ನಮ್ಮೂರಿಗೂ ಏನೇನೂ ಸಂಬಂಧವಿಲ್ಲ. ಆದರೂ ಒಮ್ಮೊಮ್ಮೆ ಮಧ್ಯಾಹ್ನದ ಹೊತ್ತಿಗೆ ಮೈಯೆಲ್ಲ ಕೆಂಪಾದ ಖಾಲಿ ಲಾರಿಯೊಂದು ನಮ್ಮ ಓಣಿಯ ಬಾಯಿಗೆ ಬಂದು ನಿಲ್ಲುತ್ತಿತ್ತು. ಅಣ್ಣ ಇಳಿದು, ಕಾಲು ತೊಳೆದು, ನೇರ ಅಡುಗೆ ಮನೆಗೆ ಬಂದು ಕೂರುತ್ತಿದ್ದ. ಹಾಗೆ ಬಂದ ಒಂದು ದಿನ ರೊಟ್ಟಿ ಪುಂಡಿಪಲ್ಯ ತಿನ್ನುತ್ತಿದ್ದಾಗ ಫೋನು ಬಡಿದುಕೊಂಡಿತು. ಆಚೆಯ ದನಿ ಒಲೆ ಮುಂದಿದ್ದ ನನಗೂ ಕೇಳುವಷ್ಟು ಜೋರಾಗಿತ್ತು.

'ಎಲ್ಲಿದಿಯೋ?'

'ಹೊಸಪೇಟಿ ದಾಟೀನ್ರಿ.'

'ಪರದಿ ಮ್ಯಾಲ ಏನ್ ಬಂದೈತಿ, ಓದು.'

'ಹೊಸಪೇಟಿ ಅಂತಾನ ಬಂದೈತ್ರಿ ಸರ.'

ಫೋನು ಇಟ್ಟು ಇನ್ನೊಂದು ರೊಟ್ಟಿಗೆ ಕೈ ಚಾಚಿದ. ನಾನು ರೊಟ್ಟಿ ಹಿಂದೆಳೆದುಕೊಂಡು ರೇಗಿಸಿದೆ: 'ಹೊಸಪೇಟಿ ದಾಟಿದವರಿಗೆ ಸಿರಗುಪ್ಪಿ ರೊಟ್ಟಿ ಸಿಗಂಗಿಲ್ಲಣ್ಣ.'

ಅವನು ನಕ್ಕು, ಫೋನಿನ ಪರದೆ ನನ್ನ ಕಡೆ ತಿರುಗಿಸಿದ. ಅದರಲ್ಲಿ ಯಾವ ಊರಿನ ಹೆಸರೂ ಇರಲಿಲ್ಲ. ಆ ಹೆಸರು ಮೂಡದಂತೆ ಮಾಡುವ ದಾರಿಯನ್ನು ಅವನು ಹುಡುಕಿಕೊಂಡಿದ್ದ. 'ಕಣ್ಣ ಮುಂದ ಸಿರಗುಪ್ಪಿ ಅಂತ ಬಂದಿದ್ರ ಹೊಸಪೇಟಿ ಅನ್ನಾಕ ನಾಲಿಗಿ ತೊಡರತೈತಿ ನೋಡವ್ವ. ಅದಕ್ಕ ತಗದೀನಿ.' ನನಗೂ ತೋರಿಸಿಕೊಟ್ಟ: ಸೆಟ್ಟಿಂಗ್ಸ್, ಅದರೊಳಗೆ ಡಿಸ್ಪ್ಲೇ, ಅದರೊಳಗೆ ಆಫ್. ನನ್ನ ಜೀವನದಲ್ಲಿ ಕಲಿತ ಮೊದಲ ಫೋನು ವಿದ್ಯೆ ಅದೇ.

ಸುಳ್ಳು ಹೇಳಿ ಸಿಕ್ಕಿಬಿದ್ದರೆ ಏನು ಗತಿ ಎಂದು ಕೇಳಿದೆ. ಅವನು ಗಂಭೀರನಾದ. 'ಲಾರಿ ಎಲ್ಲೈತಿ ಅನ್ನೋದು ಅವನ ಸ್ವತ್ತು, ಕೇಳ್ಲಿ. ನಾ ಎಲ್ಲಿ ಕುಂತು ರೊಟ್ಟಿ ತಿಂತೀನಿ ಅನ್ನೋದು ಅವನಿಗ್ಯಾಕ? ನಮ್ಮವ್ವ ಸತೇಕ ಕೇಳಂಗಿಲ್ಲ.'

ಅಣ್ಣನ ಮೇಲೆ ನನಗೆ ಎಂಥ ಪ್ರೀತಿ ಎಂದು ಈಗ ಬರೆದರೆ ಬಣ್ಣ ಹಚ್ಚಿದಂತಾಗುತ್ತದೆ. ಆದರೂ ಬರೆಯುತ್ತೇನೆ: ಆ ಕದ್ದ ಮಧ್ಯಾಹ್ನಗಳಿಗಾಗಿ ನಾನು ಕಾಯುತ್ತಿದ್ದೆ. ನನಗೋಸ್ಕರ ಒಬ್ಬ ಮನುಷ್ಯ ಅಷ್ಟು ದೊಡ್ಡ ಲಾರಿಯನ್ನು ಬಚ್ಚಿಟ್ಟುಕೊಂಡು ಬರುತ್ತಾನಲ್ಲ ಎಂದು ಹಿಗ್ಗುತ್ತಿದ್ದೆ.

ಒಂದು ಬೆಳಿಗ್ಗೆ ಅವನು ಕುರುಗೋಡಿನ ಮನೆಯಿಂದ ಹೊರಟ. ಅವ್ವ 'ದೂರೇನು?' ಎಂದಳು. 'ಇಲ್ಲವ್ವ, ಇಲ್ಲೇ' ಎಂದ. ಅಲ್ಲಿಂದ ಮುಂದೆ ಅವನನ್ನು ನಮ್ಮವರು ಯಾರೂ ನೋಡಲಿಲ್ಲ.

ಮೂರ್ನಾಲ್ಕು ದಿನ ನಮಗೆ ದಿಗಿಲೂ ಆಗಲಿಲ್ಲ. ಲಾರಿಯವರು ಹಾಗೆಯೇ, ಹೋದರೆ ಹೋದರು. ಫೋನು ಮಾಡಿದರೆ ಸ್ವಿಚ್ ಆಫ್ ಎಂದು ಹೆಂಗಸೊಬ್ಬಳು ಹೇಳುತ್ತಿದ್ದಳು. ದಿಗಿಲಾದದ್ದು ಸಾಹುಕಾರನ ಕಡೆಯವರು ಜೀಪು ಹತ್ತಿ ನಮ್ಮ ಮನೆ ಹುಡುಕಿಕೊಂಡು ಬಂದಾಗ. 'ಗಾಡಿ ಎಲ್ಲಿಟ್ಟಾನ ನಿಮ್ಮ ಮಗ?' ಎಂದು ಅಪ್ಪನ ಮೇಲೆ ಏರಿ ಹೋದರು. ಮಗ ಎಲ್ಲಿದ್ದಾನೆ ಎಂದು ಅಪ್ಪ ಕೇಳಿದರೆ, ಕೊನೆಗೆ ಫೋನಿನಲ್ಲಿ ಹೊಸಪೇಟೆ ದಾಟಿದೆ ಅಂದಿದ್ದ, ಆಮೇಲೆ ಗೊತ್ತಿಲ್ಲ ಎಂದರು.

ಇನ್ನೂ ಸ್ವಲ್ಪ ದಿನಕ್ಕೆ ಲಾರಿ ಸಿಕ್ಕಿತು. ಹೊಸಪೇಟೆಯ ಹತ್ತಿರವಲ್ಲ; ಅದಕ್ಕೆ ತದ್ವಿರುದ್ಧ ದಿಕ್ಕಿನಲ್ಲಿ, ಆಂಧ್ರದ ಗಡಿ ದಾಟಿ, ಗುಂತಕಲ್ಲಿನ ದಾರಿಯ ಒಂದು ಹೋಟೆಲ್ಲಿನ ಹಿಂದೆ. ಅದಿರು ಇರಲಿಲ್ಲ. ಬೀಗದ ಕೈ ಅದರಲ್ಲೇ ಇತ್ತು. ಸೀಟಿನ ಮೇಲೆ ಅಣ್ಣನ ಟವೆಲ್ಲು ಇತ್ತು. ಸಾಹುಕಾರನವರು ಲಾರಿ ಹೊಡೆದುಕೊಂಡು ವಾಪಸು ಬಂದರು. ಟವೆಲ್ಲು ಯಾರಿಗಾದರೂ ಕೊಡಬೇಕೆಂದು ಅವರಿಗೆ ಅನ್ನಿಸಲಿಲ್ಲ. ಅಪ್ಪ ಕಂಟೋನ್ಮೆಂಟಿಗೆ ಹೋಗಿ ಬಾಗಿಲಲ್ಲಿ ಕೂತಾಗ ಸೂಪರ್‌ವೈಸರ್ ಹೇಳಿದ್ದು ಇಷ್ಟು: 'ಗಾಡಿ ಸಿಕ್ಕೈತಲ್ಲ, ಇನ್ನ ನಮಗೂ ಅವನಿಗೂ ಏನಿಲ್ಲ, ಹೋಗ್ರಿ.' ಗಂಟೆಗೊಮ್ಮೆ ಎಲ್ಲಿದಿ ಎಲ್ಲಿದಿ ಎಂದು ಪ್ರಾಣ ತಿಂದ ಬಾಯಿ ಅದು. ಆ ಬಾಯಿಗೆ ನಾನು ಹಾಕಿದ ಶಾಪ ಇವತ್ತಿಗೂ ವಾಪಸು ತೆಗೆದುಕೊಂಡಿಲ್ಲ.

ಠಾಣೆಗೆ ಅಪ್ಪ, ಅವ್ವ, ನಾನು ಮೂವರೂ ಹೋದೆವು. ಪೊಲೀಸರಿಗೆ ಅದು ದಿನದ ಮಾತು. ಯಾವ ಲಾರಿ ಎಲ್ಲಿ ಹೋಗುತ್ತದೆ, ಯಾರ ಅದಿರು ಯಾರಿಗೆ ಸೇರುತ್ತದೆ ಎಂದು ಆ ಕಾಲದಲ್ಲಿ ಕೇಳಿದವನೇ ಪೆದ್ದ. ಬರೆದುಕೊಳ್ಳಲು ಕೂತವನು ಅವ್ವನನ್ನು ಕೇಳಿದ.

'ಹೋಗೂಮುಂದ ಎಲ್ಲಿಗೆ ಹೊಂಟೀನಿ ಅಂದಾ?'

'ಕೇಳ್ಲಿಲ್ರಿ ಸಾಹೇಬ್ರ.'

'ಹೆತ್ತ ಮಗ, ಎಲ್ಲಿಗೆ ಹೊಂಟಿ ಅಂತ ಕೇಳ್ಲಿಲ್ಲ?'

'ಹೊಂಟವ್ರನ್ನ ಹಂಗ ಕೇಳಬಾರದ್ರಿ.'

ಅವನು ಪೆನ್ನು ಕೆಳಗಿಟ್ಟು ಪಕ್ಕದವನ ಮುಖ ನೋಡಿ ನಕ್ಕ. ಅವ್ವ ಅವರಿಬ್ಬರನ್ನೂ ನೋಡಿದಳು. ಯಾಕೆ ನಗುತ್ತಾರೆಂದು ಅವಳಿಗೆ ತಿಳಿಯಲು ಒಂದು ಗಳಿಗೆ ಹಿಡಿಯಿತು. ತಿಳಿದ ಮೇಲೆ ಅವಳ ಮುಖ ಹೇಗಾಯಿತೆಂದು ನಾನು ಬರೆಯಲಾರೆ. ಟವರಿನ ಮಾಹಿತಿ ತರಿಸುತ್ತೇವೆ, ಫೋನು ಕೊನೆಗೆ ಎಲ್ಲಿತ್ತೆಂದು ಅದರಲ್ಲಿ ಇರುತ್ತದೆ ಎಂದು ಅವರು ಹೇಳಿದರು. ಅದು ಬಂತೋ ಇಲ್ಲವೋ, ಎಷ್ಟು ಸಲ ಹೋಗಿ ಕೇಳಿದರೂ ನಮಗೆ ಹೇಳಲಿಲ್ಲ.

ಅಪ್ಪ ಅಣ್ಣನ ಫೋಟೊ ಹಿಡಿದುಕೊಂಡು ಹೊಸಪೇಟೆಯಲ್ಲಿ ಗ್ಯಾರೇಜು, ಹೋಟೆಲ್ಲು, ಆಸ್ಪತ್ರೆ ಎಲ್ಲ ಸುತ್ತಿದ. ಹೊಸಪೇಟೆ ಎಂಬುದು ಅಣ್ಣನ ರೂಢಿಯ ಸುಳ್ಳು, ನನ್ನ ಮನೆಯಲ್ಲಿ ಕೂತು ಎಷ್ಟೋ ಸಲ ಹಾಗೆಯೇ ಹೇಳಿದ್ದಾನೆ ಎಂದು ನಾನು ಅಪ್ಪನಿಗೆ ಹೇಳಿದೆ. ಅಪ್ಪ ಸಿಟ್ಟಾಗಲಿಲ್ಲ. 'ಹಂಗಾದ್ರ ಎಲ್ಲಿ ಹುಡುಕ್ಲವ್ವ?' ಎಂದ. ಗುಂತಕಲ್ಲಿಗೂ ಹೋಗಿ ಬಂದ. ಆಮೇಲೆ ಮತ್ತೆ ಹೊಸಪೇಟೆಗೇ ಹೋದ, ಯಾಕೆಂದರೆ ಮಗನ ಬಾಯಿಂದ ಬಂದ ಊರು ಅದೊಂದೇ.

ಸಾಹುಕಾರ ತನ್ನ ಎಲ್ಲ ಲಾರಿಗಳಿಗೂ ಎಲ್ಲಿವೆ ಎಂದು ತಿಳಿಸುವ ಜಿಪಿಎಸ್ ಡಬ್ಬಿ ಕೂರಿಸಿದ ಎಂದು ಕೇಳಿದೆವು. ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿದರಂತೆ ಎಂದು ಜನ ಆಡಿಕೊಂಡರು. ಕೊಳ್ಳೆ ಹೋದ ಊರು ಅವನದಲ್ಲ, ನಮ್ಮದು. ಮುಂದೆ ಗಣಿ ನಿಂತು, ಅವನ ಬಂಗಲೆಗೂ ಬೀಗ ಬಿತ್ತು. ಅದರಿಂದ ನನಗೆ ಸಂತೋಷವಾಗಬೇಕಿತ್ತು, ಆಗಲಿಲ್ಲ. ಕೇಳಬೇಕೆಂದರೆ ಹೋಗಿ ಕೂರಲು ಇದ್ದ ಒಂದು ಬಾಗಿಲೂ ಇಲ್ಲವಾಯಿತು.

ಅಪ್ಪ ಹುಡುಕುತ್ತಲೇ ಸೊರಗಿ ತೀರಿಕೊಂಡ. ನನಗೆ ಬಳ್ಳಾರಿಗೆ ವರ್ಗವಾಯಿತು. ಪಾರ್ವತಿನಗರದಲ್ಲಿ ಮನೆ ಹಿಡಿದೆವು. ಅವ್ವನನ್ನು ಕರೆತರುವುದು ಮಾತ್ರ ಸುಲಭವಾಗಲಿಲ್ಲ. ಕುರುಗೋಡಿನ ಹೊಸ್ತಿಲು ಬಿಟ್ಟರೆ ಮಗನಿಗೆ ನಮ್ಮ ಬೇರೆ ಗುರುತಿಲ್ಲ ಎಂದು ಹಟ ಹಿಡಿದಳು. ಕಡೆಗೆ ಬಂದಳು, ಓಣಿಯ ಪ್ರತಿ ಮನೆಯಲ್ಲೂ ನಮ್ಮ ವಿಳಾಸ ಹೇಳಿ. ಬಂದ ಮೇಲೆ ಅವಳು ಬೇರೆ ಹೆಂಗಸೇ ಆಗಿಬಿಟ್ಟಳು. ಹೊರಟವರನ್ನು ಕೇಳಬಾರದು ಅನ್ನುತ್ತಿದ್ದವಳು ಈಗ ಕೇಳದೆ ಬಿಡುತ್ತಿರಲಿಲ್ಲ. ತರಕಾರಿಗೆ ಹೋದರೂ ಎಲ್ಲಿಗೆ, ಬಚ್ಚಲಿಗೆ ಹೋದರೂ ಎಲ್ಲಿಗೆ. ಶಾಲೆಯಲ್ಲಿ ಪಾಠ ಮಾಡುತ್ತಿದ್ದಾಗ ಫೋನು ಮಾಡಿ 'ಎಲ್ಲಿದೀಯವ್ವ?' ಎನ್ನುತ್ತಿದ್ದಳು. ನನಗೆ ರೇಗುತ್ತಿತ್ತು. 'ಅದೀನಿ ಬೇ, ಇಲ್ಲೇ ಅದೀನಿ' ಎಂದು ಗದರಿ ಇಡುತ್ತಿದ್ದೆ.

ಅವಳಿಗೆ ಸ್ಮಾರ್ಟ್‌ಫೋನು ಕೊಡಿಸಿದ್ದು ನನ್ನ ಗಂಡ. ವಿಡಿಯೊ ನೋಡಿಕೊಂಡು ಸುಮ್ಮನಿರಲಿ ಎಂದು. ಆ ಫೋನನ್ನು ನಾನು ಬಹಳ ದಿನ ಮುಟ್ಟಲಿಲ್ಲ. ಶಾಲೆಯಲ್ಲಿ ಮೊಬೈಲ್ ಮೋಸದ ಬಗ್ಗೆ ಒಂದು ತರಬೇತಿ ಆದ ಮೇಲೆ, ಒಂದು ರಜೆಯ ದಿನ ಅವ್ವ ಸ್ನಾನಕ್ಕೆ ಹೋಗಿದ್ದಾಗ, ಎಲ್ಲ ಬಂದ್ ಮಾಡೋಣವೆಂದು ಕೈಗೆತ್ತಿಕೊಂಡೆ. ವಾಟ್ಸಾಪಿನಲ್ಲಿ ಎಲ್ಲಕ್ಕಿಂತ ಮೇಲಿದ್ದ ನಂಬರಿಗೆ ಹೆಸರೂ ಇರಲಿಲ್ಲ, ಚಿತ್ರವೂ ಇರಲಿಲ್ಲ. ತೆರೆದೆ. ಮಾತಿಲ್ಲ, ಬರೀ ನಕಾಶೆ. ದಿನಕ್ಕೊಂದು. ಪಾರ್ವತಿನಗರದ ನಮ್ಮ ಮನೆ, ಅದರ ಮೇಲೆ ಕೆಂಪು ಗುರುತು. ಬೆರಳಾಡಿಸಿದಷ್ಟೂ ಮೇಲೆ ಮೇಲೆ ಅದೇ ಮನೆ, ಅದೇ ಗುರುತು. ಪ್ರತಿಯೊಂದರ ಮುಂದೆಯೂ ಎರಡು ನೀಲಿ ಟಿಕ್ಕು. ಕಳಿಸಿದ್ದನ್ನೆಲ್ಲ ಆಚೆಯವರು ತೆರೆದು ನೋಡಿದ್ದರು. ನಂಬರು ನನಗೆ ಬಾಯಿಪಾಠ. ಅಣ್ಣನದು.

ಅವ್ವ ತಲೆ ಒರೆಸಿಕೊಳ್ಳುತ್ತ ಬಂದವಳು ನನ್ನ ಕೈಯಲ್ಲಿ ಫೋನು ನೋಡಿ ಬೆಚ್ಚಲಿಲ್ಲ. ನೆರೆಮನೆಯ ಹೆಂಗಸು ಕಳಿಸುವುದನ್ನು ಕಲಿಸಿಕೊಟ್ಟಳಂತೆ. 'ಮಾತಾಡಿದ್ರ ಅವಂಗ ಏನ್ ತೊಂದ್ರಿ ಐತೋ ಏನೋ. ನಾವೆಲ್ಲಿ ಅದೀವಿ ಅಂತ ತಿಳಿದ್ರ ಸಾಕು, ಬರೂದಾದ್ರ ಬರ್ತಾನ' ಎಂದಳು. ನೀಲಿ ಟಿಕ್ಕಿನ ಮೇಲೆ ಬೆರಳಿಟ್ಟು ತೋರಿಸಿದಳು. 'ದಿನಾ ನೋಡ್ತಾನ ನೋಡು.' ಆ ಮುಖದಲ್ಲಿ ನಾನು ವರ್ಷಗಳಿಂದ ಕಾಣದ ಗೆಲುವಿತ್ತು.

ಬಳಸದೆ ಬಿಟ್ಟ ನಂಬರನ್ನು ಕಂಪನಿಯವರು ಬೇರೆಯವರಿಗೆ ಮಾರುತ್ತಾರೆ ಅವ್ವ, ಇದನ್ನು ನೋಡುತ್ತಿರುವವನು ಯಾರೋ, ನೀನು ಒಬ್ಬಳೇ ಮನೆಯಲ್ಲಿರುತ್ತೀ ಎಂದು ಬಿಡಿಸಿ ಹೇಳಿದೆ. ಅವಳು ಕಿವಿಗೆ ಹಾಕಿಕೊಳ್ಳಲಿಲ್ಲ. ಅವಳ ಎದುರಿಗೇ ಆ ನಂಬರಿಗೆ ಫೋನು ಹಚ್ಚಿದೆ. ಒಳಗೊಳಗೆ ನನಗೂ ಒಂದು ಆಸೆ ಎದ್ದಿತ್ತು, ಇಲ್ಲವೆಂದರೆ ಸುಳ್ಳಾಗುತ್ತದೆ.

'ಎವರಂಡಿ?' ಎಂದು ತೆಲುಗಿನಲ್ಲಿ ಯಾರೆಂದು ಕೇಳಿತು ಒಂದು ಗಂಡು ದನಿ. ಅಣ್ಣನದಲ್ಲ. ನಾನು ತೆಲುಗಿನಲ್ಲೇ ವಿಚಾರಿಸಿದೆ. ಆ ಮನುಷ್ಯ ಆದೋನಿಯ ಕಡೆಯವನು. ಬಳ್ಳಾರಿಯ ಅಂಗಡಿಯಲ್ಲಿ ಸಿಮ್ ಕೊಂಡಾಗ ಕೊಟ್ಟ ನಂಬರಂತೆ. ದಿನಾ ಒಂದು ನಕಾಶೆ ಬರುತ್ತದೆ, ಯಾರೋ ಗುರುತಿನವರು ಮನೆಗೆ ಕರೆಯುತ್ತಿದ್ದಾರೋ ಎಂದು ತೆರೆದು ನೋಡುತ್ತೇನೆ ಎಂದ. ಇದು ನನ್ನ ಅಣ್ಣನ ನಂಬರಾಗಿತ್ತು, ಅವನು ಕಾಣೆಯಾಗಿದ್ದಾನೆ ಎಂದು ನಾನು ಶುರುಮಾಡಿದ್ದೇ ತಡ, ಅವನ ದನಿ ಬದಲಾಯಿತು. ನನಗೇನೂ ಗೊತ್ತಿಲ್ಲಮ್ಮ, ಪೊಲೀಸು ಗಿಲೀಸು ಅಂತ ನನ್ನನ್ನು ಎಳೆಯಬೇಡಿ ಎಂದು ಫೋನು ಇಟ್ಟುಬಿಟ್ಟ. ಹೆದರಿದ್ದ, ಪಾಪ. ಎಲ್ಲ ಕಡೆ ಫೋನಿನ ಮೋಸದ್ದೇ ಸುದ್ದಿ; ನಾನಾಗಿದ್ದರೂ ಹಾಗೇ ಮಾಡುತ್ತಿದ್ದೆ.

ಮರುದಿನ ಅವ್ವ ಕಳಿಸಿದ ನಕಾಶೆಗೆ ಒಂದೇ ಟಿಕ್ಕು ಬಿತ್ತು, ಅದೂ ಬೂದು ಬಣ್ಣದ್ದು. ಅದರ ಮರುದಿನವೂ ಒಂದೇ. ಅವನು ನಮ್ಮನ್ನು ಬ್ಲಾಕ್ ಮಾಡಿದ್ದ. ಅವ್ವ ಫೋನು ಹಿಡಿದು ಬಾಗಿಲಲ್ಲಿ ನಿಂತು, ಮಾಳಿಗೆ ಹತ್ತಿ, ಸಿಗ್ನಲ್ ಇಲ್ಲವೇನೋ ಎಂದು ಮತ್ತೆ ಮತ್ತೆ ಕಳಿಸಿದಳು. ಅದು ಆದೋನಿಯವನು ಅವ್ವ, ಹೆದರಿ ಬಂದ್ ಮಾಡಿಕೊಂಡಿದ್ದಾನೆ ಎಂದು ಎಷ್ಟು ಸಲ ಹೇಳಿದೆನೋ. ಒಂದು ವಾರದ ಮೇಲೆ ಒಂದು ಮಧ್ಯಾಹ್ನ ನಾನು ಶಾಲೆಯಿಂದ ಬಂದು ಚಪ್ಪಲಿ ಬಿಡುತ್ತಿದ್ದಾಗ ಕರೆದು ಪಕ್ಕಕ್ಕೆ ಕೂರಿಸಿಕೊಂಡಳು.

'ಆ ಮನಷ್ಯಾ ಖರೇ ಹೇಳಿಲ್ಲವ್ವ ನಿನಗ. ಅಣ್ಣ ಅವನ ಹತ್ರಾನ ಇದ್ದ. ನಾ ಕಳಿಸಿದ್ದನ್ನ ದಿನಾ ನೋಡತಿದ್ದಾಂವ ಅಣ್ಣನ. ಈಗ ನೋಡಾಕ ಅವನಿಲ್ಲ. ಹೆತ್ತ ತಾಯಿಗೆ ಹೆಂಗ ಹೇಳೂದು ಅಂತ ಬಾಯಿ ಮುಚ್ಚ್ಯಾನ.'

ಇಲ್ಲವ್ವ, ಹಾಗಲ್ಲ ಎಂದೆ. ಅವಳು ನನ್ನ ಕೈ ಹಿಡಿದುಕೊಂಡಳು.

'ಇಷ್ಟ ದಿನ ಅಂವ ತೀರಿದ್ದು ಯಾವ ದಿನಾ ಅಂತ ಹಿಡಿಯೂದು ತಿಳೀಲಾರದ ಒಂದ್ ಫಾತಿಹಾ ಸತೇಕ ಓದಿಸಿಲ್ಲ ಅವಂಗ. ನೀ ಫೋನ್ ಹಚ್ಚಿದ ದಿನಾನ ಹಿಡಿಯೂಣು.'

ಆ ದಿನದಿಂದ ಎಣಿಸಿ ನಲವತ್ತನೆಯ ದಿನದ ಫಾತಿಹಾಕ್ಕೆ ಕುರುಗೋಡಿನಿಂದ ಓಣಿಯವರು ಬಂದರು. ಅವ್ವ ಅತ್ತಳು, ಅಷ್ಟು ವರ್ಷ ಅಳದೆ ಇಟ್ಟುಕೊಂಡದ್ದನ್ನೆಲ್ಲ ಅತ್ತಳು. ಊಟಕ್ಕೆ ಕೂತವರಲ್ಲಿ ಒಬ್ಬಾಕೆ, ಇಷ್ಟು ವರ್ಷದ ಮೇಲೆ ನಿಮಗೆ ಹೇಗೆ ಸುದ್ದಿ ತಿಳಿಯಿತು ಎಂದು ಮೆಲ್ಲಗೆ ಕೇಳಿದಳು.

'ನನ್ನ ಮಗಳು ಫೋನ್ ಮಾಡಿ ಖಾತ್ರಿ ಮಾಡ್ಕೊಂಡ್ಲವ್ವ' ಎಂದಳು ಅವ್ವ.

ಎಲ್ಲರೂ ನನ್ನ ಕಡೆ ನೋಡಿದರು. ನಾನು ಇಲ್ಲ ಅನ್ನಲಿಲ್ಲ. ಅನ್ನದ ಪಾತ್ರೆ ಎತ್ತಿಕೊಂಡು ಮುಂದಿನವರಿಗೆ ಬಡಿಸಿದೆ.